ಹುಬ್ಬಳ್ಳಿ ತಗಡಿನ ಟಾಕೀಜಿನಿಂದ ಬರ್ಲಿನ್‌ವರೆಗೆ: ವರ್ಕ್‌ಶಾಪ್ ಹುಡುಗ ವಿ. ಶಾಂತಾರಾಮ್ ಕಥಿ

ಹುಬ್ಬಳ್ಳಿ: ಕುಂದಗೋಳ, ನವಲಗುಂದ, ಅಣ್ಣಿಗೇರಿ, ಕಲಘಟಗಿ ಕಡೆಯಿಂದ ದಿನಾ ಸಾವಿರಾರು ಮಂದಿ ಕೆಲಸಕ್ಕೆ, ಮಾಲು ತರಲಿಕ್ಕೆ, ಆಸ್ಪತ್ರೆಗೆ ಅಂತ ಹುಬ್ಬಳ್ಳಿಗೆ ಬರ್ತಾರೆ. ರೈಲ್ವೆ ವರ್ಕ್‌ಶಾಪ್ ಗೋಡೆ ಪಕ್ಕದಲ್ಲೇ ಹಾದು ಹೋಗ್ತಾರೆ. ಸುಮಾರು ನೂರು ವರ್ಷದ ಹಿಂದೆ ಇದೇ ವರ್ಕ್‌ಶಾಪ್‌ನಲ್ಲಿ ಹಗಲು ದುಡಿದು, ಸಂಜೆಯಾದ ಮೇಲೆ ಊರಿನ ತಗಡಿನ ಟಾಕೀಜಿನ ಬಾಗಿಲಲ್ಲಿ ನಿಲ್ಲುತ್ತಿದ್ದ ಹುಡುಗನೊಬ್ಬನಿದ್ದ. ಮುಂದೆ ಭಾರತೀಯ ಚಿತ್ರರಂಗದ ದೊಡ್ಡ ಹೆಸರುಗಳಲ್ಲಿ ಅವನದೂ ಒಂದಾಯಿತು. ಬರ್ಲಿನ್ ಚಿತ್ರೋತ್ಸವದಲ್ಲಿ ಪ್ರಶಸ್ತಿ ಬಂತು. ದಾದಾಸಾಹೇಬ ಫಾಲ್ಕೆ ಪ್ರಶಸ್ತಿ ಬಂತು. ಅವರೇ ವಿ. ಶಾಂತಾರಾಮ್.

ನಟ, ನಿರ್ದೇಶಕ, ನಿರ್ಮಾಪಕ, ಸಂಕಲನ ಬಲ್ಲವರು, ಸ್ಟುಡಿಯೋ ಕಟ್ಟಿದವರು. ಸಿನಿಮಾದಲ್ಲಿ ಅವರು ಕೈ ಹಾಕದ ಕೆಲಸ ಇರಲಿಲ್ಲ. ಮಹಾರಾಷ್ಟ್ರದಲ್ಲಿ ಅವರ ಹೆಸರು ಮನೆಮಾತು. ಆದರೆ ಅವರು ಸಿನಿಮಾದ ಮೊದಲ ಅಕ್ಷರ ಕಲಿತ ಹುಬ್ಬಳ್ಳಿಯ ಬಸ್ ಸ್ಟ್ಯಾಂಡ್‌ನಲ್ಲಿ ನಿಂತು ಇವತ್ತಿನ ಹುಡುಗರನ್ನು ಕೇಳಿದರೆ ಗೊತ್ತು ಅನ್ನುವವರು ಕಡಿಮೆ.

ಕೊಲ್ಲಾಪುರದ ಹುಡುಗ, ಹುಬ್ಬಳ್ಳಿಯ ಕೆಲಸ

ಶಾಂತಾರಾಮ್ ಅವರ ಪೂರ್ತಿ ಹೆಸರು ಶಾಂತಾರಾಮ ರಾಜಾರಾಮ ವಣಕುದ್ರೆ. ಹುಟ್ಟಿದ್ದು 1901ರ ನವೆಂಬರ್ 18ರಂದು, ಕೊಲ್ಲಾಪುರದಲ್ಲಿ. ತಂದೆ ಜೈನರು, ತಾಯಿ ಹಿಂದೂ. ಮನೆಯಲ್ಲಿ ಸಿರಿವಂತಿಕೆ ಇರಲಿಲ್ಲ. ಓದು ಬಹಳ ದೂರ ಹೋಗಲಿಲ್ಲ.

ಆಗಿನ ಕಾಲದಲ್ಲಿ ಕೊಲ್ಲಾಪುರ, ಬೆಳಗಾವಿ, ಧಾರವಾಡ, ಹುಬ್ಬಳ್ಳಿ ಅಂದರೆ ಒಂದೇ ಓಣಿಯ ಮನೆಗಳಿದ್ದಂಗೆ. ಧಾರವಾಡ ಜಿಲ್ಲೆ ಮುಂಬೈ ಪ್ರಾಂತಕ್ಕೆ ಸೇರಿತ್ತು. ಮರಾಠಿ ನಾಟಕ ಕಂಪನಿಗಳು ಈ ಊರುಗಳಿಗೆ ಬಂದು ತಿಂಗಳುಗಟ್ಟಲೆ ಕ್ಯಾಂಪ್ ಹಾಕುತ್ತಿದ್ದವು. ಕುಂದಗೋಳದ ರಾಮಭಾವು, ಅಂದರೆ ನಮ್ಮ ಸವಾಯಿ ಗಂಧರ್ವರು, ಮರಾಠಿ ರಂಗಭೂಮಿಯಲ್ಲಿ ಸ್ತ್ರೀ ಪಾತ್ರ ಮಾಡಿ ಹೆಸರಾದದ್ದೂ ಆ ದಿನಗಳಲ್ಲೇ. ಬಾಲಕ ಶಾಂತಾರಾಮ ಕೂಡ ಮೊದಲು ಸೇರಿದ್ದು ನಾಟಕ ಕಂಪನಿಯನ್ನೇ. ಬಾಲಗಂಧರ್ವರ ಹೆಸರಿನ ಗಂಧರ್ವ ನಾಟಕ ಮಂಡಳಿಯಲ್ಲಿ ಸಣ್ಣಪುಟ್ಟ ಪಾತ್ರ ಮಾಡಿಕೊಂಡಿದ್ದ. ಅದು ಬಹಳ ದಿನ ನಡೆಯಲಿಲ್ಲ. ಮನೆಗೆ ರೊಕ್ಕ ಬೇಕಿತ್ತು. ಹುಬ್ಬಳ್ಳಿಗೆ ಬಂದು ರೈಲ್ವೆ ವರ್ಕ್‌ಶಾಪ್‌ನಲ್ಲಿ ಕೆಲಸಕ್ಕೆ ನಿಂತ.

ವರ್ಕ್‌ಶಾಪ್ ಆಗ ಮದ್ರಾಸ್ ಅಂಡ್ ಸದರ್ನ್ ಮರಾಠಾ ರೈಲ್ವೆ ಕಂಪನಿಯದು. ಹಿರಿಯರು ಎಂಎಸ್‌ಎಂ ಅಂತಲೇ ಕರೆಯುತ್ತಿದ್ದರು. ಹುಬ್ಬಳ್ಳಿ ಹಳ್ಳಿಯಂತಿದ್ದದ್ದು ಶಹರ ಆದದ್ದರಲ್ಲಿ ಈ ವರ್ಕ್‌ಶಾಪ್ ಪಾಲು ದೊಡ್ಡದು. ಕಬ್ಬಿಣ, ಎಣ್ಣೆ, ಬೆಂಕಿ, ಮಸಿ. ಹದಿಹರೆಯದ ಹುಡುಗನ ಹಗಲು ಅಲ್ಲಿ ಕಳೆಯುತ್ತಿತ್ತು. ಯಂತ್ರ ಅಂದರೆ ಹೆದರಿಕೆ ಹೋದದ್ದು ಇಲ್ಲೇ. ಮುಂದೆ ಕ್ಯಾಮೆರಾ, ಲೈಟು, ಲ್ಯಾಬು ಯಾವುದೇ ಇರಲಿ, ಬಿಚ್ಚಿ ನೋಡಿ ತಿಳಿದುಕೊಳ್ಳುವ ಚಟ ಅವರಿಗೆ ಕೊನೆತನಕ ಇತ್ತು.

ಬಾಗಿಲು ಕಾಯುತ್ತ ಕಲಿತದ್ದು

ಸಂಜೆ ಕೆಲಸ ಡೆಕ್ಕನ್ ಸಿನಿಮಾದಲ್ಲಿ. ಹೆಸರು ದೊಡ್ಡದಾದರೂ ಅದು ತಗಡಿನ ಶೆಡ್ಡು. ಅಲ್ಲಿ ಹುಡುಗ ಬಾಗಿಲು ಕಾಯುವುದರಿಂದ ಶುರು ಮಾಡಿ, ಬೋರ್ಡು ಬರೆಯುವುದರ ತನಕ ಹೇಳಿದ ಕೆಲಸವನ್ನೆಲ್ಲ ಮಾಡಿದ.

ಅದು ಮಾತಿಲ್ಲದ ಸಿನಿಮಾದ ಕಾಲ. ಪಡದೆ ಮೇಲೆ ಚಿತ್ರ ಓಡುತ್ತಿತ್ತು, ನಡುನಡುವೆ ಬರಹ ಬರುತ್ತಿತ್ತು. ಓದು ಬಾರದವರಿಗೆ ಪಕ್ಕದವರು ಓದಿ ಹೇಳಬೇಕು. ದಾದಾಸಾಹೇಬ ಫಾಲ್ಕೆ 1913ರಲ್ಲಿ ರಾಜಾ ಹರಿಶ್ಚಂದ್ರ ತೆಗೆದು ಕೆಲವೇ ವರ್ಷ ಆಗಿತ್ತು. ಫಾಲ್ಕೆ ಅವರ ಪುರಾಣದ ಚಿತ್ರಗಳನ್ನು ಶಾಂತಾರಾಮ ನೋಡಿದ್ದು ಹುಬ್ಬಳ್ಳಿಯ ಈ ಶೆಡ್ಡಿನಲ್ಲೇ.

ಟಿಕೆಟ್ ಕೊಟ್ಟು ನೋಡುವವನು ಒಂದು ಸಿನಿಮಾ ಒಂದೇ ಸಲ ನೋಡ್ತಾನೆ. ಬಾಗಿಲು ಕಾಯುವವನು ದಿನಾ ನೋಡ್ತಾನೆ. ಮಂದಿ ಎಲ್ಲಿ ನಗ್ತಾರೆ, ಎಲ್ಲಿ ಸುಮ್ಮನಾಗ್ತಾರೆ, ಯಾವಾಗ ಬೀಡಿ ಸೇದಲಿಕ್ಕೆ ಎದ್ದು ಹೊರಗೆ ಬರ್ತಾರೆ ಅನ್ನೋದು ಅವನಿಗೆ ಗೊತ್ತಾಗ್ತದೆ. ಅಂಗಡಿಕಾರನಿಗೆ ಗಿರಾಕಿ ಮುಖ ನೋಡಿದರೆ ತಿಳಿಯುವಂಗೆ. ಶಾಂತಾರಾಮರು ಮುಂದೆ ಐವತ್ತು ವರ್ಷ ಜನ ನೋಡುವಂಥ ಸಿನಿಮಾ ಮಾಡಿದರು ಅಂದರೆ ಅದರ ಬೇರು ಈ ಬಾಗಿಲಲ್ಲಿ ಇದೆ.

ಬಾಬುರಾವ್ ಪೇಂಟರ್ ಗರಡಿ

1920ರ ಹೊತ್ತಿಗೆ ಕೊಲ್ಲಾಪುರದಲ್ಲಿ ಬಾಬುರಾವ್ ಪೇಂಟರ್ ಎಂಬ ಕಲಾವಿದರು ಮಹಾರಾಷ್ಟ್ರ ಫಿಲ್ಮ್ ಕಂಪನಿ ನಡೆಸುತ್ತಿದ್ದರು. ನಾಟಕದ ಪಡದೆ ಬರೆಯುತ್ತಿದ್ದ ಮನುಷ್ಯ ತಾವೇ ಕ್ಯಾಮೆರಾ ತಯಾರಿಸಿಕೊಂಡು ಸಿನಿಮಾ ತೆಗೆದವರು. ಶಾಂತಾರಾಮರ ಬಂಧು ಬಾಬುರಾವ್ ಪೆಂಢಾರಕರ್ ಅಲ್ಲೇ ಇದ್ದರು. ಅವರ ಮೂಲಕ ಶಾಂತಾರಾಮರೂ ಹುಬ್ಬಳ್ಳಿ ಬಿಟ್ಟು ಆ ಕಂಪನಿ ಸೇರಿದರು.

ಅಲ್ಲಿ ಇಂಥದ್ದೇ ಕೆಲಸ ಅಂತ ಇರಲಿಲ್ಲ. ಕಸ ಹೊಡೆಯುವುದು, ಸಾಮಾನು ಹೊರುವುದು, ಸೆಟ್ಟಿಗೆ ಬಣ್ಣ ಬಳಿಯುವುದು, ಲ್ಯಾಬಿನಲ್ಲಿ ಫಿಲ್ಮು ತೊಳೆಯುವುದು, ಕತ್ತರಿಸಿ ಅಂಟಿಸುವುದು, ಮಂದಿ ಕಡಿಮೆ ಬಿದ್ದರೆ ವೇಷ ಹಾಕಿ ಕ್ಯಾಮೆರಾ ಮುಂದೆ ನಿಲ್ಲುವುದು. 1921ರ ಸುರೇಖಾ ಹರಣ ಚಿತ್ರದಲ್ಲಿ ಕೃಷ್ಣನ ಪಾತ್ರ ಸಿಕ್ಕಿತು. ಅದೇ ವರ್ಷ ವಿಮಲಾಬಾಯಿ ಅವರೊಂದಿಗೆ ಮದುವೆಯೂ ಆಯಿತು.

1925ರಲ್ಲಿ ಬಾಬುರಾವ್ ಪೇಂಟರ್ ಸಾವಕಾರೀ ಪಾಶ್ ಎಂಬ ಚಿತ್ರ ಮಾಡಿದರು. ಸಾವಕಾರನ ಸಾಲಕ್ಕೆ ಸಿಕ್ಕು ಹೊಲ ಕಳಕೊಂಡು, ಊರು ಬಿಟ್ಟು ಶಹರದ ಗಿರಣಿ ಸೇರುವ ರೈತನ ಕಥಿ. ದೇವರು, ರಾಜರು ಬಿಟ್ಟರೆ ಬೇರೆ ಕಥಿ ಇಲ್ಲ ಅನ್ನುವ ಕಾಲದಲ್ಲಿ ರೈತನ ಸಾಲದ ಮೇಲೆ ಸಿನಿಮಾ ಬಂದದ್ದು ದೊಡ್ಡ ಮಾತು. ಆ ಯುವ ರೈತನ ಪಾತ್ರ ಮಾಡಿದವರು ಶಾಂತಾರಾಮ್. 1980ರ ಜುಲೈ 21ರಂದು ನವಲಗುಂದದಲ್ಲಿ ರೈತರ ಮೇಲೆ ಗೋಲಿಬಾರ್ ಆಯಿತು. ಪ್ರತಿವರ್ಷ ಆ ದಿನ ಹುತಾತ್ಮ ರೈತರನ್ನು ನೆನೆಯುವ ಈ ಭಾಗದ ಮಂದಿಗೆ ಸಾವಕಾರೀ ಪಾಶ್ ಕಥಿಯನ್ನು ಬಿಡಿಸಿ ಹೇಳಬೇಕಾಗಿಲ್ಲ.

1927ರಲ್ಲಿ ಶಾಂತಾರಾಮರಿಗೆ ಮೊದಲ ಸಲ ನಿರ್ದೇಶನದ ಅವಕಾಶ ಸಿಕ್ಕಿತು. ಚಿತ್ರದ ಹೆಸರು ನೇತಾಜಿ ಪಾಲ್ಕರ್. ಶಿವಾಜಿ ಮಹಾರಾಜರ ಸೇನಾಪತಿಯ ಕಥಿ.

ಕತ್ತರಿ ಕೆಲಸ ಅಂದರೇನು?

ಸಂಕಲನ, ಅಂದರೆ ಎಡಿಟಿಂಗ್, ಹೊರಗೆ ಕಾಣುವ ಕೆಲಸ ಅಲ್ಲ. ಟೇಲರ್ ಅಂಗಡಿಗೆ ಹೋದವನಿಗೆ ಹೊಲಿದ ಅಂಗಿ ಕಾಣ್ತದೆ, ಕತ್ತರಿಸಿ ಬಿಟ್ಟ ತುಂಡು ಕಾಣೋದಿಲ್ಲ. ಸಿನಿಮಾದಲ್ಲೂ ಹಂಗೇ. ಶೂಟಿಂಗ್‌ನಲ್ಲಿ ತೆಗೆದ ಫಿಲ್ಮು ಮೈಲಿಗಟ್ಟಲೆ ಇರ್ತದೆ. ಯಾವುದನ್ನು ಇಡಬೇಕು, ಯಾವುದನ್ನು ಬಿಡಬೇಕು, ಯಾವುದರ ಪಕ್ಕಕ್ಕೆ ಯಾವುದನ್ನು ಜೋಡಿಸಬೇಕು ಅನ್ನೋದರ ಮೇಲೆ ಚಿತ್ರದ ಜೀವ ನಿಂತಿರ್ತದೆ. ಒಬ್ಬ ಮನುಷ್ಯನ ಮುಖ ತೋರಿಸಿ, ಆಮೇಲೆ ರೊಟ್ಟಿ ತೋರಿಸಿದರೆ ಅವನಿಗೆ ಹಸಿವೆ ಅಂತ ನೋಡುವವನಿಗೆ ತಿಳಿತದೆ. ಅದೇ ಮುಖದ ಆಮೇಲೆ ಹೆಣ ತೋರಿಸಿದರೆ ದುಃಖ ಅಂತ ತಿಳಿತದೆ. ಮುಖ ಒಂದೇ, ಅರ್ಥ ಎರಡು.

ಮಾತಿಲ್ಲದ ಸಿನಿಮಾದಲ್ಲಿ ಬೆಳೆದ ಶಾಂತಾರಾಮರಿಗೆ ಈ ಲೆಕ್ಕ ಕೈಗೆ ಬಂದಿತ್ತು. ಮಾತು ಬಂದ ಮೇಲೂ ಅವರು ಮಾತಿನ ಮೇಲೆ ಪೂರ್ತಿ ಭಾರ ಹಾಕಲಿಲ್ಲ. ಗಡಿಯಾರ, ಕನ್ನಡಿ, ಕಣ್ಣು, ದೀಪ ಇಂಥವುಗಳಿಂದಲೇ ಅರ್ಧ ಕಥಿ ಹೇಳಿಬಿಡುತ್ತಿದ್ದರು. ಮುಂದೆ ಅವರ ಚಿತ್ರಗಳಿಗೆ ಬೇರೆ ಸಂಕಲನಕಾರರು ಬಂದರೂ, ಶೂಟಿಂಗ್ ಮಾಡುವಾಗಲೇ ಎಲ್ಲಿ ಕತ್ತರಿ ಬೀಳಬೇಕು ಅನ್ನೋದು ಅವರ ತಲೆಯಲ್ಲಿರುತ್ತಿತ್ತು. ಅದು ಲ್ಯಾಬಿನಲ್ಲಿ ಕೂತು ಕಲಿತದ್ದು.

ಪ್ರಭಾತ್: ಐದು ಮಂದಿ ಪಾಲುದಾರರು

1929ರ ಜೂನ್ 1ರಂದು ಕೊಲ್ಲಾಪುರದಲ್ಲಿ ಪ್ರಭಾತ್ ಫಿಲ್ಮ್ ಕಂಪನಿ ಶುರುವಾಯಿತು. ವಿಷ್ಣುಪಂತ ದಾಮ್ಲೆ, ಫತ್ತೇಲಾಲ್, ಕೇಶವರಾವ್ ಧಾಯಬರ್ ಮತ್ತು ಶಾಂತಾರಾಮ್. ಈ ನಾಲ್ವರೂ ಪೇಂಟರ್ ಗರಡಿಯವರು. ಕೈಯಲ್ಲಿ ಕಸುಬು ಇತ್ತು, ರೊಕ್ಕ ಇರಲಿಲ್ಲ. ಬಂಡವಾಳ ಹಾಕಿದವರು ಸೀತಾರಾಮಪಂತ ಕುಲಕರ್ಣಿ. ತುತ್ತೂರಿ ಊದುವ ಹೆಣ್ಣುಮಗಳ ಚಿತ್ರ ಕಂಪನಿಯ ಗುರುತು. ಆ ತುತ್ತೂರಿ ಪಡದೆ ಮೇಲೆ ಬಂದರೆ ಚಿತ್ರ ಚೊಲೊ ಇರ್ತದೆ ಅನ್ನುವ ನಂಬಿಕೆ ಮಂದಿಗೆ ಬಂತು.

ಮೊದಲ ಚಿತ್ರ ಗೋಪಾಲಕೃಷ್ಣ, 1929ರಲ್ಲಿ. 1930ರಲ್ಲಿ ಶಿವಾಜಿ ಕಥಿಯ ಚಿತ್ರಕ್ಕೆ ಸ್ವರಾಜ್ಯಾಚೆ ತೋರಣ ಅಂತ ಹೆಸರಿಟ್ಟರು. ಗಾಂಧೀಜಿ ಉಪ್ಪಿನ ಸತ್ಯಾಗ್ರಹದ ವರ್ಷ ಅದು. ಸ್ವರಾಜ್ಯ ಅನ್ನುವ ಶಬ್ದಕ್ಕೇ ಬ್ರಿಟಿಷ್ ಸೆನ್ಸಾರಿನವರು ತಕರಾರು ತೆಗೆದರು. ಹೆಸರು ಬದಲಾಯಿಸಿ ಉದಯಕಾಲ ಅಂತ ಬಿಡುಗಡೆ ಮಾಡಬೇಕಾಯಿತು. ಅದರಲ್ಲಿ ಶಿವಾಜಿ ಪಾತ್ರ ಮಾಡಿದ್ದೂ ಶಾಂತಾರಾಮರೇ.

1931ರಲ್ಲಿ ಸಿನಿಮಾಕ್ಕೆ ಮಾತು ಬಂತು. ಮರುವರ್ಷವೇ ಪ್ರಭಾತ್ ಅಯೋಧ್ಯೇಚಾ ರಾಜಾ ತೆಗೆಯಿತು. ಮರಾಠಿಯ ಮೊದಲ ಟಾಕಿ ಅಂತ ಅದಕ್ಕೆ ಹೆಸರು. ದುರ್ಗಾ ಖೋಟೆ ತಾರಾಮತಿ ಆಗಿದ್ದರು. ಮರ್ಯಾದಸ್ಥರ ಮನೆಯ ಹೆಣ್ಣುಮಕ್ಕಳು ಸಿನಿಮಾಕ್ಕೆ ಬರಬಾರದು ಅನ್ನುವ ಕಾಲದಲ್ಲಿ ಅವರು ಬಂದು ನಿಂತದ್ದು ಸುದ್ದಿಯಾಯಿತು.

ಎಲ್ಲವೂ ಗೆದ್ದಿತು ಅಂತ ಅಲ್ಲ. 1933ರಲ್ಲಿ ಸೈರಂಧ್ರಿ ಚಿತ್ರವನ್ನು ಬಣ್ಣದಲ್ಲಿ ತರುವ ಆಸೆ ಹುಟ್ಟಿತು. ಜರ್ಮನಿಗೆ ಹೋಗಿ ಪ್ರಿಂಟ್ ಹಾಕಿಸಿದರು. ಬಣ್ಣ ಕೈಕೊಟ್ಟಿತು, ಚಿತ್ರ ಸೋತಿತು. ಆದರೆ ಜರ್ಮನಿಗೆ ಹೋದದ್ದು ವ್ಯರ್ಥ ಆಗಲಿಲ್ಲ. ಅಲ್ಲಿನ ಸ್ಟುಡಿಯೋಗಳಲ್ಲಿ ಬೆಳಕು ನೆರಳು ಬಳಸುವ ರೀತಿ ನೋಡಿಕೊಂಡು ಬಂದರು. ಅದೇ ವರ್ಷ ಪ್ರಭಾತ್ ಕಂಪನಿ ಕೊಲ್ಲಾಪುರ ಬಿಟ್ಟು ಪುಣೆಗೆ ಹೋಯಿತು. 1934ರಲ್ಲಿ ಬಂದ ಅಮೃತ ಮಂಥನ ಚಿತ್ರದಲ್ಲಿ ಬಲಿ ಬೇಡುವ ರಾಜಗುರುವಿನ ಒಂದೇ ಕಣ್ಣು ಇಡೀ ಪಡದೆ ತುಂಬ ಕಾಣುವಂಗೆ ತೋರಿಸಿದರು. ಮಂದಿ ಬೆಚ್ಚಿಬಿದ್ದರು. ದೇವರ ಹೆಸರಲ್ಲಿ ಪ್ರಾಣಿ, ಮನುಷ್ಯರನ್ನು ಬಲಿ ಕೊಡುವುದರ ವಿರುದ್ಧದ ಚಿತ್ರ ಅದು. ಭರ್ಜರಿ ಓಡಿತು.

ಮುದುಕನಿಗೆ ಕೊಟ್ಟ ಹುಡುಗಿ

1937ರಲ್ಲಿ ಬಂದದ್ದು ಮರಾಠಿಯಲ್ಲಿ ಕುಂಕೂ, ಹಿಂದಿಯಲ್ಲಿ ದುನಿಯಾ ನ ಮಾನೇ. ನಾರಾಯಣ ಹರಿ ಆಪಟೆ ಅವರ ಕಾದಂಬರಿ ಆಧಾರ. ತಂದೆ ತಾಯಿ ಇಲ್ಲದ ಹುಡುಗಿ ನೀರಾಳನ್ನು ಮೋಸ ಮಾಡಿ ಮುದಿ ವಕೀಲನಿಗೆ ಮದುವೆ ಮಾಡಿಕೊಡ್ತಾರೆ. ಹುಡುಗಿ ಅಳುತ್ತ ಕೂಡೋದಿಲ್ಲ. ಈ ಮದುವೆಯನ್ನೇ ತಾನು ಒಪ್ಪೋದಿಲ್ಲ ಅಂತ ಗಂಡನ ಮನೆಯೊಳಗೇ ಇದ್ದು ಹಟ ಹಿಡಿತಾಳೆ. ತಂಟೆ ಮಾಡಲಿಕ್ಕೆ ಬಂದ ಮಲಮಗನಿಗೆ ಬೆತ್ತದಿಂದ ಬಾರಿಸ್ತಾಳೆ. ಕೊನೆಗೆ ತಪ್ಪು ಅರಿತ ಮುದುಕ, ನೀನು ಇನ್ನೊಂದು ಮದುವೆ ಆಗು ಅನ್ನುವ ಅರ್ಥದ ಪತ್ರ ಬರೆದಿಟ್ಟು ಜೀವ ಕಳಕೊಳ್ತಾನೆ.

ಶಾಂತಾ ಆಪಟೆ ನೀರಾ, ಕೇಶವರಾವ್ ದಾತೆ ಮುದುಕ. ಚಿತ್ರಕ್ಕೆ ಹಿನ್ನೆಲೆ ಸಂಗೀತವೇ ಇಲ್ಲ. ಮನೆಯಲ್ಲಿ ಸಹಜವಾಗಿ ಕೇಳುವ ಶಬ್ದ ಮಾತ್ರ. ಹಾಡಿಗೆ ಮೇಳ ಬೇಕಾದರೂ ಗ್ರಾಮೋಫೋನ್ ಹಚ್ಚಿ ಹಾಡಿಸಿದ್ದಾರೆ. ಮುದುಕನ ಹಳೇ ಗಡಿಯಾರದ ಟಿಕ್ ಟಿಕ್ ಇಡೀ ಚಿತ್ರದಲ್ಲಿ ಕೇಳ್ತದೆ, ಅವನ ಆಯುಷ್ಯ ಮುಗಿಯುತ್ತಿದೆ ಅನ್ನುವಂಗೆ. ಬಾಲ್ಯವಿವಾಹ, ವಯಸ್ಸಿನ ಅಂತರದ ಮದುವೆ ಹಳ್ಳಿಗಳಲ್ಲಿ ಮಾಮೂಲಿಯಾಗಿದ್ದ ದಿನಗಳಲ್ಲಿ ಈ ಚಿತ್ರ ಬಂದದ್ದು. ನೋಡಿದ ಹೆಣ್ಣುಮಕ್ಕಳು ಏನೇನು ಅಂದುಕೊಂಡಿರಬೇಕು ಅನ್ನೋದನ್ನು ಊಹಿಸಬಹುದು.

ಅದರಗುಂಚಿಯ ರಾಜಮ್ಮ

ಶಾಂತಾರಾಮರ ಕಥಿಯಲ್ಲಿ ನಮ್ಮ ಜಿಲ್ಲೆಗೆ ಇನ್ನೊಂದು ದೊಡ್ಡ ಪಾಲಿದೆ. 1939ರಲ್ಲಿ ಅವರು ಮರಾಠಿಯಲ್ಲಿ ಮಾಣೂಸ್, ಹಿಂದಿಯಲ್ಲಿ ಆದ್ಮಿ ಮಾಡಿದರು. ಅದರ ನಾಯಕಿ ಶಾಂತಾ ಹುಬ್ಳೀಕರ್. ಹೆಸರೇ ಹೇಳುವಂಗೆ ನಮ್ಮ ಕಡೆಯವರು. ಹುಬ್ಬಳ್ಳಿ ಹತ್ತಿರದ ಅದರಗುಂಚಿಯಲ್ಲಿ 1914ರಲ್ಲಿ ಹುಟ್ಟಿದ ರಾಜಮ್ಮ. ಹಾಡು ಕಲಿತು, ನಾಟಕ ಸೇರಿ, ಅಲ್ಲಿಂದ ಸಿನಿಮಾಕ್ಕೆ ಹೋದವರು.

ಮಾಣೂಸ್ ಕಥಿ ಸರಳ. ಪೊಲೀಸ್ ಪೇದೆ ಗಣಪತ ಒಂದು ದಾಳಿಯಲ್ಲಿ ಮೈನಾ ಎಂಬ ವೇಶ್ಯೆಯನ್ನು ಕೈಬಿಟ್ಟು ಉಳಿಸ್ತಾನೆ. ಇಬ್ಬರಿಗೂ ಪ್ರೀತಿ ಬೆಳಿತದೆ. ಮನೆಗೆ ಕರಕೊಂಡು ಹೋಗಿ ತಾಯಿ ಮುಂದೆ ನಿಲ್ಲಿಸ್ತಾನೆ. ಆದರೆ ಲೋಕ ಅವಳ ಹಿಂದಿನದನ್ನು ಬಿಡೋದಿಲ್ಲ. ಮೈನಾ ಕೊನೆಗೆ ಜೈಲು ಸೇರ್ತಾಳೆ. ಅವನು ಸಾಯಲಿಕ್ಕೆ ಹೊರಟವನು ಮನಸ್ಸು ಬದಲಾಯಿಸಿ ಡ್ಯೂಟಿಗೆ ಮರಳ್ತಾನೆ. ಆಗ ದೇವದಾಸ್ ಚಿತ್ರ ದೇಶವೆಲ್ಲ ಹೆಸರು ಮಾಡಿತ್ತು. ಪ್ರೀತಿ ಸೋತರೆ ಕುಡಿದು ಸಾಯಬೇಕು ಅನ್ನುವ ಮಾತಿಗೆ ಶಾಂತಾರಾಮರು ಕೊಟ್ಟ ಉತ್ತರ ಇದು. ಪ್ರೀತಿಗಿಂತ ಬದುಕು ದೊಡ್ಡದು.

ಶಾಹು ಮೋಡಕ್ ಪೇದೆ ಆಗಿದ್ದರು. ಶಾಂತಾ ಹುಬ್ಳೀಕರ್ ಹಲವು ಭಾಷೆಯಲ್ಲಿ ಹಾಡಿದ ನಾಳೆಯ ಚಿಂತೆ ಯಾಕೆ ಅನ್ನುವ ಅರ್ಥದ ಹಾಡು ಮನೆಮನೆಗೆ ಮುಟ್ಟಿತು. ಆದರೆ ಆ ಹಾಡು ಹಾಡಿದವರ ನಾಳೆ ಚೊಲೊ ಆಗಲಿಲ್ಲ. ಸಿನಿಮಾ ಬಿಟ್ಟ ಮೇಲೆ ಕಷ್ಟದ ದಿನ ಕಂಡರು. ಮುಪ್ಪಿನಲ್ಲಿ ಬರೆದ ಆತ್ಮಕಥೆಗೆ ಆ ಹಾಡಿನ ಮಾತನ್ನೇ ಹೆಸರಾಗಿ ಇಟ್ಟರು. 1992ರಲ್ಲಿ ತೀರಿಕೊಂಡರು. ಹುಬ್ಬಳ್ಳಿಯಲ್ಲಿ ಬಾಗಿಲು ಕಾದ ಹುಡುಗ ನಿರ್ದೇಶಕ, ಹುಬ್ಬಳ್ಳಿ ಪಕ್ಕದ ಹಳ್ಳಿ ಹುಡುಗಿ ನಾಯಕಿ. ಇಬ್ಬರೂ ಸೇರಿ ಮಾಡಿದ ಚಿತ್ರ ಭಾರತೀಯ ಸಿನಿಮಾ ಚರಿತ್ರೆಯ ಪುಸ್ತಕಗಳಲ್ಲಿ ಇವತ್ತಿಗೂ ಇದೆ.

ನೆರೆಮನೆ, ಆಣೆಕಟ್ಟು

1941ರ ಪಡೋಸಿ, ಮರಾಠಿಯಲ್ಲಿ ಶೇಜಾರಿ, ಪ್ರಭಾತ್‌ನಲ್ಲಿ ಅವರ ಕೊನೆಯ ದೊಡ್ಡ ಚಿತ್ರ. ಒಂದು ಹಳ್ಳಿ. ಅಕ್ಕಪಕ್ಕದ ಮನೆಯ ಹಿಂದೂ, ಮುಸ್ಲಿಂ ಹಿರಿಯರಿಬ್ಬರು ಜೀವದ ಗೆಳೆಯರು. ಆಣೆಕಟ್ಟು ಕಟ್ಟಲಿಕ್ಕೆ ಬಂದವನು ಊರನ್ನು ಒಡೆಯಬೇಕಾದರೆ ಮೊದಲು ಈ ಇಬ್ಬರನ್ನು ಒಡೆಯಬೇಕು ಅಂತ ತಿಳಿದು ಜಗಳ ಹಚ್ಚುತ್ತಾನೆ. ಕೊನೆಗೆ ಆಣೆಕಟ್ಟು ಒಡೆದು ನೀರು ನುಗ್ಗುವಾಗ ಇಬ್ಬರೂ ಕೈ ಕೈ ಹಿಡಿದು ಸಾಯ್ತಾರೆ.

ದೇಶ ಇಬ್ಭಾಗ ಆಗುವ ಮಾತು ಎದ್ದ ಹೊತ್ತು ಅದು. ಹಿಂದಿ ಚಿತ್ರದಲ್ಲಿ ಹಿಂದೂ ಪಾತ್ರವನ್ನು ಮಝರ್ ಖಾನ್ ಅವರಿಂದಲೂ, ಮುಸ್ಲಿಂ ಪಾತ್ರವನ್ನು ಗಜಾನನ ಜಾಗೀರದಾರ್ ಅವರಿಂದಲೂ ಮಾಡಿಸಿದರು. ಹೇಳಬೇಕಾದ್ದನ್ನು ಪಾತ್ರ ಹಂಚುವುದರಲ್ಲೇ ಹೇಳಿದರು.

ರಾಜಕಮಲ್

ಆ ಹೊತ್ತಿಗೆ ಪ್ರಭಾತ್ ಪಾಲುದಾರರ ನಡುವೆ ಮನಸ್ತಾಪ ಬಂದಿತ್ತು. ನಟಿ ಜಯಶ್ರೀ ಅವರೊಂದಿಗೆ ಶಾಂತಾರಾಮರ ಎರಡನೇ ಮದುವೆಯೂ ಅದರ ಜೊತೆ ಸೇರಿತು. 1942ರಲ್ಲಿ ಪ್ರಭಾತ್ ಬಿಟ್ಟು ಮುಂಬೈಗೆ ಹೋದರು. ಪರೇಲ್‌ನಲ್ಲಿ ಸ್ವಂತ ಸ್ಟುಡಿಯೋ. ತಂದೆ ರಾಜಾರಾಮ, ತಾಯಿ ಕಮಲಾ ಇಬ್ಬರ ಹೆಸರು ಕೂಡಿಸಿ ರಾಜಕಮಲ್ ಕಲಾಮಂದಿರ ಅಂತ ಹೆಸರಿಟ್ಟರು.

ಮೊದಲ ಚಿತ್ರ 1943ರ ಶಕುಂತಲಾ, ಜಯಶ್ರೀ ನಾಯಕಿ. ಮುಂಬೈಯ ಒಂದೇ ಥಿಯೇಟರಿನಲ್ಲಿ ಎರಡು ವರ್ಷ ಓಡಿತು. ಅಮೆರಿಕದಲ್ಲೂ ತೆರೆ ಕಂಡಿತು. 1946ರಲ್ಲಿ ಡಾ. ಕೋಟ್ನೀಸ್ ಕೀ ಅಮರ್ ಕಹಾನಿ. ಕನ್ನಡ ಮಂದಿ ತುಂಬ ಇರುವ ಸೊಲ್ಲಾಪುರದ ವೈದ್ಯ ದ್ವಾರಕಾನಾಥ ಕೋಟ್ನೀಸ್ 1938ರಲ್ಲಿ ಯುದ್ಧಪೀಡಿತ ಚೀನಾಕ್ಕೆ ಹೋಗಿ ಗಾಯಾಳುಗಳ ಸೇವೆ ಮಾಡುತ್ತಲೇ 1942ರಲ್ಲಿ ಅಲ್ಲೇ ತೀರಿಕೊಂಡ ನಿಜ ಕಥಿ. ಕೋಟ್ನೀಸ್ ಪಾತ್ರವನ್ನು ಶಾಂತಾರಾಮರೇ ಮಾಡಿದರು. 1950ರಲ್ಲಿ ವರದಕ್ಷಿಣೆ ವಿರುದ್ಧ ದಹೇಜ್ ಬಂತು. 1951ರ ಅಮರ್ ಭೂಪಾಳಿ ಕಾನ್ ಚಿತ್ರೋತ್ಸವಕ್ಕೆ ಹೋಯಿತು. 1955ರಲ್ಲಿ ಟೆಕ್ನಿಕಲರ್ ಬಣ್ಣದಲ್ಲಿ ಝನಕ್ ಝನಕ್ ಪಾಯಲ್ ಬಾಜೇ. ನೃತ್ಯದ ಚಿತ್ರ, ಗೋಪಿಕೃಷ್ಣ ಮತ್ತು ಸಂಧ್ಯಾ ಜೋಡಿ. ಹಿಂದೆ ಸೈರಂಧ್ರಿಯಲ್ಲಿ ಕೈಕೊಟ್ಟ ಬಣ್ಣ 22 ವರ್ಷದ ಮೇಲೆ ಕೈಹಿಡಿಯಿತು. ಮರುವರ್ಷ ಸಂಧ್ಯಾ ಅವರನ್ನು ಮದುವೆಯಾದರು. ಮೂರು ಮದುವೆಯ ಈ ಸಂಸಾರದ ಬಗ್ಗೆ ಮಂದಿ ಆಗಲೂ ಮಾತಾಡಿದರು, ಈಗಲೂ ಮಾತಾಡ್ತಾರೆ. ಹೆಣ್ಣಿನ ಪರವಾಗಿ ಕುಂಕೂ ಮಾಡಿದವರ ಮನೆಯೊಳಗಿನ ಹೆಣ್ಣುಮಕ್ಕಳ ಪಾಡು ಏನಿತ್ತು ಅನ್ನುವ ಪ್ರಶ್ನೆ ತಪ್ಪಲ್ಲ.

ಆರು ಕೈದಿಗಳು, ಕಾಯಿಪಲ್ಲೆ ಮಾರುಕಟ್ಟೆ

ಬಣ್ಣದ ಚಿತ್ರ ಅಷ್ಟು ದೊಡ್ಡದಾಗಿ ಗೆದ್ದ ಮೇಲೆ ಯಾರಾದರೂ ಇನ್ನೊಂದು ಬಣ್ಣದ ಚಿತ್ರವನ್ನೇ ಮಾಡ್ತಾರೆ. ಶಾಂತಾರಾಮರು 1957ರಲ್ಲಿ ಕಪ್ಪು ಬಿಳುಪಿಗೆ ಮರಳಿದರು. ದೋ ಆಂಖೇಂ ಬಾರಹ್ ಹಾಥ್. ಎರಡು ಕಣ್ಣು ಜೈಲರನದು, ಹನ್ನೆರಡು ಕೈ ಆರು ಕೊಲೆಗಡುಕರದು.

ಔಂಧ್ ಸಂಸ್ಥಾನದಲ್ಲಿ ಕೈದಿಗಳನ್ನು ಸರಪಳಿ ಇಲ್ಲದೆ ಬಯಲಲ್ಲಿ ಇಟ್ಟು ಹೊಲ ಮಾಡಿಸಿದ ನಿಜವಾದ ಪ್ರಯೋಗ ಇದಕ್ಕೆ ಮೂಲ. ಕಥಿ ಬರೆದವರು ಗ. ದಿ. ಮಾಡಗೂಳಕರ್. ಚಿತ್ರದಲ್ಲಿ ಜೈಲರ್ ಆರು ಮಂದಿಯನ್ನು ಕರಕೊಂಡು ಬಂಜರು ಭೂಮಿಗೆ ಹೋಗ್ತಾನೆ. ಕಲ್ಲು ಕಿತ್ತು, ಉತ್ತು, ಕಾಯಿಪಲ್ಲೆ ಬೆಳಿತಾರೆ. ಬೆಳೆದದ್ದನ್ನು ಸಂತಿಗೆ ತಂದು ನ್ಯಾಯವಾದ ದರಕ್ಕೆ ಮಾರ್ತಾರೆ. ಆಗ ಹೊಟ್ಟೆ ಉರಿಯೋದು ಮಾರುಕಟ್ಟೆಯ ದೊಡ್ಡ ವ್ಯಾಪಾರಿಗೆ. ಗೂಂಡಾಗಳನ್ನು ಬಿಟ್ಟು ಹೊಡೆಸ್ತಾನೆ. ತಿರುಗಿ ಹೊಡೆಯಬಾರದು ಅಂತ ಜೈಲರ್ ಹೇಳಿದ್ದಕ್ಕೆ, ಹಿಂದೆ ಕೊಲೆ ಮಾಡಿದ ಕೈಗಳು ಸುಮ್ಮನೆ ಪೆಟ್ಟು ತಿಂತಾವೆ. ಬೆಳೆದವನಿಗೆ ದರ ಸಿಗದ ಸಂಕಟ, ನಡುವಿನವರ ಕಾಟ. ಎಪಿಎಂಸಿ ಅಂಗಳದಲ್ಲಿ ಉಳ್ಳಾಗಡ್ಡಿ ಚೀಲದ ಮೇಲೆ ಕೂತು ಹರಾಜು ಕಾಯುವ ರೈತನಿಗೆ ಈ ಚಿತ್ರ ಇವತ್ತು ತೋರಿಸಿದರೂ ಹಳೇದು ಅನ್ನಿಸೋದಿಲ್ಲ.

ಜೈಲರ್ ಪಾತ್ರವೂ ಶಾಂತಾರಾಮರದೇ. ಕೊನೆಯ ದೃಶ್ಯದಲ್ಲಿ ಗೂಳಿಯ ಜೊತೆ ಸೆಣಸಾಟ ಇದೆ. ಡೂಪ್ ಇಡಲಿಲ್ಲ. ಆಗ ಅವರ ವಯಸ್ಸು 55ರ ಆಸುಪಾಸು. ಗೂಳಿ ತಿವಿದು ಕಣ್ಣಿಗೆ ಪೆಟ್ಟಾಯಿತು. ಕಣ್ಣಿಗೆ ಪಟ್ಟಿ ಕಟ್ಟಿಕೊಂಡು ದಿನಗಟ್ಟಲೆ ಕತ್ತಲಲ್ಲಿ ಮಲಗಬೇಕಾಯಿತು. ನೋಟ ಮರಳಿ ಬರುತ್ತದೋ ಇಲ್ಲವೋ ಗೊತ್ತಿರಲಿಲ್ಲ. ಕಣ್ಣನ್ನೇ ನಂಬಿ ಬದುಕಿದ ಮನುಷ್ಯನಿಗೆ ಅದಕ್ಕಿಂತ ದೊಡ್ಡ ಹೆದರಿಕೆ ಬೇರೆ ಇಲ್ಲ.

ನೋಟ ಉಳಿಯಿತು. ಚಿತ್ರಕ್ಕೆ ರಾಷ್ಟ್ರಪತಿಗಳ ಚಿನ್ನದ ಪದಕ ಬಂತು. 1958ರಲ್ಲಿ ಬರ್ಲಿನ್ ಚಿತ್ರೋತ್ಸವದಲ್ಲಿ ಬೆಳ್ಳಿ ಕರಡಿ ಪ್ರಶಸ್ತಿ. ಅಮೆರಿಕದ ಗೋಲ್ಡನ್ ಗ್ಲೋಬ್ ಸಮಾರಂಭದಲ್ಲಿ ಸ್ಯಾಮುಯೆಲ್ ಗೋಲ್ಡ್‌ವಿನ್ ಹೆಸರಿನ ಪ್ರಶಸ್ತಿ. ವಸಂತ ದೇಸಾಯಿ ಸಂಗೀತದ, ಭರತ ವ್ಯಾಸ್ ಬರೆದ ಅದರ ಪ್ರಾರ್ಥನಾ ಗೀತೆಯನ್ನು ಎಷ್ಟೋ ಶಾಲೆಗಳಲ್ಲಿ ಮಕ್ಕಳು ಇವತ್ತಿಗೂ ಹಾಡ್ತಾರೆ. ಯಾರ ಚಿತ್ರದ್ದು ಅಂತ ಮಾಸ್ತರರಿಗೂ ನೆನಪಿರೋದಿಲ್ಲ.

ಕಣ್ಣು ಮುಚ್ಚಿ ಮಲಗಿದ್ದಾಗ ಕಂಡ ಬಣ್ಣಗಳಿಂದ ಹುಟ್ಟಿದ್ದು 1959ರ ನವರಂಗ್ ಅಂತ ಹೇಳ್ತಾರೆ. ಬಣ್ಣಕ್ಕೆ, ಕುಣಿತಕ್ಕೆ, ಹಾಡಿಗೆ ಅದು ಹೆಸರಾಯಿತು.

ಇಳಿಹೊತ್ತು

ಅರವತ್ತರ ದಶಕದ ಮೇಲೆ ಅವರ ಎಲ್ಲ ಚಿತ್ರ ಓಡಲಿಲ್ಲ. ಬಣ್ಣ, ಆಡಂಬರ ಜಾಸ್ತಿ ಆಯಿತು, ಕುಂಕೂ, ಮಾಣೂಸ್ ಕಾಲದ ಬಿಗಿ ಹೋಯಿತು ಅಂತ ವಿಮರ್ಶಕರು ಬರೆದರು. ಅದರಲ್ಲಿ ಸತ್ಯ ಇಲ್ಲದಿಲ್ಲ. ಆದರೂ 1972ರಲ್ಲಿ, ವಯಸ್ಸು ಎಪ್ಪತ್ತು ದಾಟಿದ ಮೇಲೆ, ಮರಾಠಿಯಲ್ಲಿ ಪಿಂಜರಾ ಮಾಡಿ ತೋರಿಸಿದರು. ತಮಾಷಾ ಕುಣಿಯುವವಳ ಮೋಹಕ್ಕೆ ಸಿಕ್ಕು ಹಾಳಾಗುವ ಹಳ್ಳಿ ಮಾಸ್ತರನ ಕಥಿ. ಡಾ. ಶ್ರೀರಾಮ್ ಲಾಗೂ ಮಾಸ್ತರ್, ಸಂಧ್ಯಾ ಕುಣಿಯುವವಳು. ಮಹಾರಾಷ್ಟ್ರದ ಹಳ್ಳಿ ಹಳ್ಳಿಯಲ್ಲಿ ಓಡಿತು.

1985ನೇ ಸಾಲಿನ ದಾದಾಸಾಹೇಬ ಫಾಲ್ಕೆ ಪ್ರಶಸ್ತಿ ಅವರಿಗೆ ಬಂತು. ಹುಬ್ಬಳ್ಳಿಯ ತಗಡಿನ ಶೆಡ್ಡಿನಲ್ಲಿ ಯಾರ ಚಿತ್ರ ನೋಡಿ ಬೆರಗಾಗಿದ್ದರೋ, ಅವರದೇ ಹೆಸರಿನ ಪ್ರಶಸ್ತಿ. 1990ರ ಅಕ್ಟೋಬರ್ 30ರಂದು ಮುಂಬೈಯಲ್ಲಿ ತೀರಿಕೊಂಡರು. ಇನ್ನು ಮೂರು ವಾರ ಇದ್ದಿದ್ದರೆ 89 ತುಂಬುತ್ತಿತ್ತು. 1992ರಲ್ಲಿ ಮರಣೋತ್ತರ ಪದ್ಮವಿಭೂಷಣ, 2001ರಲ್ಲಿ ಅಂಚೆ ಚೀಟಿ.

ಉಳಿದದ್ದೇನು

ಪುಣೆಯ ಪ್ರಭಾತ್ ಸ್ಟುಡಿಯೋ ಐವತ್ತರ ದಶಕದಲ್ಲಿ ಬಾಗಿಲು ಹಾಕಿತು. ಅದೇ ಜಾಗದಲ್ಲಿ 1960ರಲ್ಲಿ ಸರ್ಕಾರ ಫಿಲ್ಮ್ ಇನ್‌ಸ್ಟಿಟ್ಯೂಟ್ ತೆರೆಯಿತು. ಧಾರವಾಡದಲ್ಲಿ ಓದಿದ ಗಿರೀಶ ಕಾರ್ನಾಡರು 1974-75ರಲ್ಲಿ ಅದರ ನಿರ್ದೇಶಕರಾಗಿದ್ದರು. ಘಟಶ್ರಾದ್ಧ ಮಾಡಿದ ಗಿರೀಶ ಕಾಸರವಳ್ಳಿ ಸಿನಿಮಾ ಕಲಿತದ್ದೂ ಅಲ್ಲೇ. ಅಂದರೆ ಹುಬ್ಬಳ್ಳಿಯಿಂದ ಹೋದ ಹುಡುಗ ಕಟ್ಟಿದ ಅಂಗಳದಲ್ಲೇ ಕನ್ನಡದ ಹೊಸ ಸಿನಿಮಾದ ಮಂದಿಯೂ ಓಡಾಡಿದರು.

ಈಗ ಕಾಲ ಬೇರೆ. ತಾಲೂಕು ಊರುಗಳ ಎಷ್ಟೋ ಟಾಕೀಜುಗಳು ಗೋಡೌನ್ ಆಗಿವೆ, ಕಲ್ಯಾಣ ಮಂಟಪ ಆಗಿವೆ. ಕತ್ತರಿಸಿ ಅಂಟಿಸುವ ಕೆಲಸ ಮೊಬೈಲಿಗೆ ಬಂದಿದೆ. ಗ್ಯಾರೇಜಿನಲ್ಲಿ ಕೆಲಸ ಮಾಡುವ ಹುಡುಗ ಊಟದ ಹೊತ್ತಿನಲ್ಲಿ ಕೂತು ರೀಲ್ಸ್ ಎಡಿಟ್ ಮಾಡ್ತಾನೆ. ಕಿರಾಣಿ ಅಂಗಡಿಯ ಗಲ್ಲೆ ಮೇಲೆ ಕೂತ ಹುಡುಗನೂ ಮಾಡ್ತಾನೆ. ಮನೆಯವರು ಬೈತಾರೆ, ಇದರಿಂದ ಹೊಟ್ಟೆ ತುಂಬ್ತದೇನು ಅಂತ. ಎಲ್ಲರಿಗೂ ತುಂಬ್ತದೆ ಅಂತ ಹೇಳಲಿಕ್ಕೆ ಬರೋದಿಲ್ಲ. ಶಾಂತಾ ಹುಬ್ಳೀಕರ್ ಅವರ ಬದುಕೇ ಅದಕ್ಕೆ ಸಾಕ್ಷಿ.

ಆದರೆ ಓದು ಅರ್ಧಕ್ಕೆ ನಿಂತ, ಹಗಲು ಕಬ್ಬಿಣ ಬಡಿದು ಸಂಜೆ ಬಾಗಿಲು ಕಾದ ಹುಡುಗನೂ ಇದೇ ಜಿಲ್ಲೆಯಲ್ಲಿ ಇದ್ದ. ಅವನಿಗೆ ಶಿಫಾರಸು ಇರಲಿಲ್ಲ, ಸರ್ಟಿಫಿಕೇಟ್ ಇರಲಿಲ್ಲ. ಕೊಟ್ಟ ಕೆಲಸ ಯಾವುದೇ ಇರಲಿ, ಅದನ್ನು ಪೂರ್ತಿ ಕಲಿತು ಮುಂದಿನದಕ್ಕೆ ಕೈ ಹಾಕುವ ಗುಣ ಇತ್ತು. ಮುಂದಿನ ಸಲ ವರ್ಕ್‌ಶಾಪ್ ಗೋಡೆ ಪಕ್ಕ ಬಸ್ಸು ಹಾದು ಹೋಗುವಾಗ, ಅಥವಾ ಅದರಗುಂಚಿ ಬೋರ್ಡು ಕಂಡಾಗ, ಪಕ್ಕದಲ್ಲಿ ಕೂತ ಮಕ್ಕಳಿಗೆ ಈ ಎರಡು ಹೆಸರು ಹೇಳಿದರೆ ಸಾಕು.